ಕಪ್ಪು ಕಾಗದದಲ್ಲಿ ಹುಟ್ಟಿದ ವೀರ

1992ರಲ್ಲಿ ಅಮೆರಿಕದ ಟಿವಿಗೆ ಬಂದ ‘ಬ್ಯಾಟ್‌ಮ್ಯಾನ್: ದಿ ಅನಿಮೇಟೆಡ್ ಸೀರೀಸ್’ನ ಹಿನ್ನೆಲೆ ಚಿತ್ರಗಳನ್ನು ಕಲಾವಿದರು ಬಿಡಿಸಿದ್ದು ಕಪ್ಪು ಕಾಗದದ ಮೇಲೆ. ಕತ್ತಲೆ ಮೊದಲೇ ಇತ್ತು. ಕುಂಚ ತಂದದ್ದು ಬೆಳಕನ್ನು ಮಾತ್ರ. ಬೆಳಗಿದ ನಾಲ್ಕು ಕಿಟಕಿಗಳಲ್ಲೇ ಬ್ಯಾಟ್‌ಮ್ಯಾನ್‌ನ ಗಾಥಮ್ ನಗರ ಎದ್ದು ನಿಲ್ಲುತ್ತದೆ. ಆಷಾಢದ ಮಳೆಗೆ ಕರೆಂಟು ಹೋದ ಕೊಪ್ಪ, ಶೃಂಗೇರಿ, ನರಸಿಂಹರಾಜಪುರದ ರಾತ್ರಿಗಳನ್ನು ಕಂಡವರಿಗೆ ಈ ಕಪ್ಪು ಬೇಗ ಒಲಿಯುತ್ತದೆ.

ಅದೇ ತಂಡದ 1993ರ ಚಿತ್ರ ‘ಮಾಸ್ಕ್ ಆಫ್ ದಿ ಫ್ಯಾಂಟಾಸಮ್’. ಮುಂದೆ ಬ್ಯಾಟ್‌ಮ್ಯಾನ್ ಆಗಲಿರುವ ಬ್ರೂಸ್ ವೇಯ್ನ್ ಪ್ರೀತಿಗೆ ಸಿಕ್ಕಿ, ತಂದೆತಾಯಿಯ ಸಮಾಧಿಯ ಮುಂದೆ ಕುಸಿದು, ಪಾತಕಿಗಳ ವಿರುದ್ಧ ಹೋರಾಡುವೆನೆಂದು ಅವರಿಗೆ ಕೊಟ್ಟ ಮಾತಿನಿಂದ ಬಿಡುಗಡೆ ಬೇಡುತ್ತಾನೆ. ಹೊಡೆದಾಟಗಳಿಗಿಂತ ದೊಡ್ಡ ದೃಶ್ಯ ಅದು. ದನಿ ಕೆವಿನ್ ಕಾನ್ರಾಯ್ ಅವರದು: ಬ್ರೂಸ್‌ಗೆ ಹಗುರ, ಬ್ಯಾಟ್‌ಮ್ಯಾನ್‌ಗೆ ಗಡಸು. ಮುಖವಾಡ ಹಾಕಿದ್ದು ಕಿವಿಗೇ ತಿಳಿಯುತ್ತದೆ.

2009ರಲ್ಲಿ ಲಂಡನ್ನಿನ ರಾಕ್‌ಸ್ಟೆಡಿ ಸಂಸ್ಥೆ ‘ಅರ್ಕಮ್ ಅಸೈಲಮ್’ ಗೇಮ್ ತಂದಾಗಲೂ ಅದೇ ದನಿ. ಒಂದು ದ್ವೀಪ, ಒಂದು ರಾತ್ರಿ, ಒಬ್ಬನೇ ಮನುಷ್ಯ. ವೈರಿಯ ತಲೆಯ ಮೇಲೆ ಗುರುತು ಮಿಂಚಿದ ಕ್ಷಣಕ್ಕೇ ಗುಂಡಿ ಒತ್ತಬೇಕು. ಸುಮ್ಮನೆ ಕುಟ್ಟಿದರೆ ಹೊಡೆತಗಳ ಸರಣಿ ಮುರಿಯುತ್ತದೆ. ಚೆಂಡೆಯ ಪೆಟ್ಟಿಗೆ ಹೆಜ್ಜೆ ಕೊಡುವ ವೇಷಧಾರಿಯ ಎಚ್ಚರ ಇಲ್ಲಿ ಆಟಗಾರನಿಗೂ ಬೇಕು. ಬಂದೂಕು ಹಿಡಿದವರ ಕೋಣೆಯಲ್ಲಂತೂ ಮೇಲಿನ ಕಲ್ಲಿನ ಬೊಂಬೆಗಳ ಮೇಲೆ ಕುಳಿತು, ಒಬ್ಬೊಬ್ಬರನ್ನೇ ಕೆಡವಬೇಕು. ಉಳಿದವರು ಹೆದರಿ ದಿಕ್ಕುತಪ್ಪುತ್ತಾರೆ. ಕೊಲ್ಲದೆ ಗೆಲ್ಲುವವನಿಗೆ ಭಯವೇ ಆಯುಧ ಎಂಬುದನ್ನು ಸಿನಿಮಾ ತೋರಿಸಿತ್ತು. ಗೇಮ್ ಆ ಆಯುಧವನ್ನು ನಮ್ಮ ಕೈಗೇ ಕೊಟ್ಟಿತು.