ಇರುಳಲ್ಲಿ ಏರುವ ಹೊಳೆ

ದಾಂಡೇಲಿಯ ಕಾಳಿಯಲ್ಲಿ ರಾಫ್ಟಿಂಗ್ ಕಲಿತವರು ಮೊದಲು ಕೇಳುವುದು ಸೂಪಾ ಅಣೆಕಟ್ಟಿನಿಂದ ಇವತ್ತು ನೀರು ಬಿಟ್ಟಿದ್ದಾರಾ ಎಂದು. ಲಡಾಖಿನ ಝಾನ್ಸ್ಕಾರ್ ನದಿಗೆ ನೀರು ಬಿಡುವವನು ಸೂರ್ಯ. ಹಿಮಾಲಯದ ಮುಖ್ಯ ಸಾಲು ಮುಂಗಾರನ್ನು ದಕ್ಷಿಣದಲ್ಲೇ ತಡೆದುಬಿಡುವುದರಿಂದ ಅಲ್ಲಿ ಮಳೆ ಹೆಸರಿಗಷ್ಟೇ. ಜುಲೈ, ಆಗಸ್ಟ್‌ನಲ್ಲಿ ಮೈದುಂಬಿ ಬರುವುದು ಬಹುಪಾಲು ಹಿಮ ಕರಗಿದ ನೀರು. ನಡುಹಗಲಲ್ಲಿ ಮೇಲೆ ಕರಗಿದ್ದು ಕೆಳಗಿನ ಕಮರಿಗೆ ಬರಲು ಗಂಟೆಗಟ್ಟಲೆ ಹಿಡಿಯುತ್ತದೆ, ಹಾಗಾಗಿ ಹೊಳೆ ಏರುವುದು ಸಂಜೆಗೆ, ಇಲ್ಲವೇ ಇರುಳಿಗೆ. ದಂಡೆಯಲ್ಲಿ ಟೆಂಟ್ ಹಾಕಿದ ಮೇಲೆ ಗೈಡ್ ನೀರಂಚಿಗೆ ಸರಿಯಾಗಿ ಒಂದು ಕೋಲು ನೆಡುತ್ತಾನೆ. ಊಟ ಮುಗಿಸಿ ಟಾರ್ಚ್ ಬಿಟ್ಟರೆ ಕೋಲಿನ ಬುಡ ಮುಳುಗಿರುತ್ತದೆ. ರಾಫ್ಟನ್ನು ಇನ್ನಷ್ಟು ಮೇಲಕ್ಕೆಳೆದು ಕಟ್ಟಿಯೇ ಮಲಗಬೇಕು.

ಈ ನದಿಗೆ ತಾಯಂದಿರು ಇಬ್ಬರು. ಸುಮಾರು 4,400 ಮೀಟರ್ ಎತ್ತರದ ಪೆನ್ಸಿ ಲಾ ಕಣಿವೆಮಾರ್ಗದ ಪಕ್ಕದಲ್ಲೇ ಹರಡಿಕೊಂಡಿರುವ ದ್ರಾಂಗ್ ದ್ರುಂಗ್ ಹಿಮನದಿಯಿಂದ ಸ್ತೋದ್ ಹೊರಡುತ್ತದೆ. ಇನ್ನೊಂದು ಲುಂಗ್ನಾಕ್. ಬಂಡೆಗೋಡೆಗೆ ಅಂಟಿಕೊಂಡ ಫುಕ್ತಾಲ್ ಮಠದ ಕೆಳಗೆ ಹರಿದು ಬರುವ ತ್ಸರಾಪ್, ಪುರ್ನೆಯ ಬಳಿ ಕುರ್ಗ್ಯಾಖ್ ಸೇರಿದ ಮೇಲೆ ಈ ಹೆಸರು ಪಡೆಯುತ್ತದೆ. ಎರಡೂ ಪದುಮ್ ಊರಿನ ಹತ್ತಿರ ಕೂಡುತ್ತವೆ. ಅಲ್ಲಿ ಕಣಿವೆ ಅಗಲ, ಬಾರ್ಲಿ ಹೊಲಗಳ ನಡುವೆ ನೀರು ಕವಲು ಕವಲಾಗಿ ಸೋಮಾರಿಯಂತೆ ಹರಿಯುತ್ತದೆ.

ಆಮೇಲೆ ಅದು ಮಾಡುವ ಕೆಲಸವೇ ನನ್ನನ್ನು ಮರುಳು ಮಾಡಿದ್ದು. ನೆರೆಯ ಸಿಂಧೂ ಎರಡು ಬೆಟ್ಟಸಾಲುಗಳ ನಡುವೆ ಮರ್ಯಾದೆಯಿಂದ ವಾಯವ್ಯಕ್ಕೆ ಹರಿಯುತ್ತದೆ. ಝಾನ್ಸ್ಕಾರ್ ಹಾಗಲ್ಲ, ಈಶಾನ್ಯಕ್ಕೆ ತಿರುಗಿ ಬೆಟ್ಟದ ಸಾಲನ್ನೇ ಅಡ್ಡ ಸೀಳಿಕೊಂಡು ಹೋಗುತ್ತದೆ. ರಾಫ್ಟಿನ ಎರಡೂ ಬದಿಗೆ ಏಳುವ ಸುಣ್ಣಕಲ್ಲಿನ ಪದರಗಳು ಒಂದು ಕಾಲಕ್ಕೆ ಟೆಥಿಸ್ ಸಮುದ್ರದ ತಳ. ಈಗ ಮಡಚಿ, ಸುರುಳಿ ಸುತ್ತಿ, ಕೆಲವೆಡೆ ನೆಟ್ಟಗೆ ನಿಂತಿವೆ. ಚಿಲಿಂಗ್ ದಾಟುತ್ತಿದ್ದಂತೆ ಕಲ್ಲಿನ ಬಣ್ಣವೇ ನೇರಳೆ, ಹಸಿರಿಗೆ ತಿರುಗುತ್ತದೆ. ಭಾರತದ ಭೂಫಲಕ ಏಷ್ಯಾಕ್ಕೆ ಬಂದು ಗುದ್ದಿದ ಹೊಲಿಗೆ ಇರುವುದು ಇಲ್ಲೇ. ರ‍್ಯಾಪಿಡ್‌ಗಳ ಗ್ರೇಡ್ ಎಣಿಸುತ್ತ ಕೂತವರು ಇದನ್ನು ನೋಡದೆಯೇ ದಾಟಿಬಿಡುತ್ತಾರೆ, ಅವರ ಕರ್ಮ.

ನಿಮ್ಮುವಿನಲ್ಲಿ ಸಂಗಮ. ಬೇಸಿಗೆಯಲ್ಲಿ ಸಿಂಧೂಗಿಂತ ಹೆಚ್ಚು ನೀರು ತರುವುದು ಝಾನ್ಸ್ಕಾರ್, ಆದರೆ ಮುಂದಕ್ಕೆ ಉಳಿಯುವುದು ಸಿಂಧೂವಿನ ಹೆಸರು.

ಚಳಿಗಾಲದಲ್ಲಿ ಇದೇ ಕಮರಿ ದಾರಿಯಾಗುತ್ತಿತ್ತು. ಮೇಲೆ ಕರಗುವುದು ನಿಂತು, ಹೊಳೆ ಸೊರಗಿ, ಮೇಲ್ಮೈ ಹೆಪ್ಪುಗಟ್ಟಿದರೆ ಅದಕ್ಕೆ 'ಚಾದರ್' ಎನ್ನುತ್ತಾರೆ. ಹಿಮ ಬಿದ್ದು ಕಣಿವೆಮಾರ್ಗಗಳೆಲ್ಲ ಮುಚ್ಚಿದಾಗ ಝಾನ್ಸ್ಕಾರಿಗಳು ಬೆಣ್ಣೆ ಹೊತ್ತು, ಕೋಲಿನಿಂದ ಮಂಜುಗಡ್ಡೆ ತಟ್ಟಿ ಸದ್ದು ಕೇಳುತ್ತ, ಲೇಹ್‌ಗೆ ನಡೆಯುತ್ತಿದ್ದರು. ಈಗ ಕಮರಿಯಲ್ಲೇ ರಸ್ತೆ ಬಂದಿದೆ. ನಿಮ್ಮು-ಪದುಮ್-ದರ್ಚಾ ಮಾರ್ಗ 2024ರ ಮಾರ್ಚ್‌ನಲ್ಲಿ ಉದ್ದಕ್ಕೂ ಕೂಡಿಕೊಂಡಿತು. ಕಮರಿಯ ಅಂದ ಕೆಟ್ಟಿತೆಂದು ನಮ್ಮ ಪೈಕಿಯವರು ಗೊಣಗುತ್ತಾರೆ. ಬಸುರಿಯನ್ನು ಆಸ್ಪತ್ರೆಗೆ ಒಯ್ಯಬೇಕಾದ ಊರಿನವರ ಮುಂದೆ ಆ ಮಾತಾಡಲು ನನಗಂತೂ ಬಾಯಿ ಬರುವುದಿಲ್ಲ.

ಆದರೆ ಒಂದು ಎಚ್ಚರ ಬೇಕು. ಕಲ್ಲುಮಣ್ಣು ಜರಿದು ಬಿದ್ದಲ್ಲಿ ಹೊಳೆಯ ನಡೆಯೇ ಬದಲಾಗುತ್ತದೆ, ರಸ್ತೆಯಿಂದಲೇ ಜರಿಯಬೇಕೆಂದೇನೂ ಇಲ್ಲ. 2014ರ ಕೊನೆಯಲ್ಲಿ ಫುಕ್ತಾಲ್‌ನ ಸಮೀಪ ಗುಡ್ಡ ಕುಸಿದು ತ್ಸರಾಪ್‌ಗೆ ಅಡ್ಡಕಟ್ಟಿತು. ಹಿಂದೆ ನಿಂತ ಕೆರೆ 2015ರ ಮೇ ತಿಂಗಳಲ್ಲಿ ಒಡೆದು ಕೆಳಗಿನ ಸೇತುವೆಗಳನ್ನು ಹೊತ್ತೊಯ್ದಿತು. ಹಳೆಯ ರಾಫ್ಟಿಂಗ್ ಟಿಪ್ಪಣಿಗಳನ್ನು ನಂಬಿ ಹೊರಡಬೇಡಿ, ಈ ವರ್ಷ ಇಳಿದುಬಂದ ಗೈಡನ್ನೇ ಕೇಳಿ. ಮೊದಲ ಸಲ ಹೋಗುವವರಿಗೆ ನೀರಿನ ರಭಸ ತಗ್ಗತೊಡಗುವ ಆಗಸ್ಟ್ ಕೊನೆ ಒಳ್ಳೆಯದು. ವೆಟ್‌ಸೂಟ್ ಮರೆಯಬೇಡಿ, ಆ ನೀರಿನಲ್ಲಿ ಬಿದ್ದವರ ಕೈಬೆರಳು ಹಗ್ಗ ಹಿಡಿಯುವಷ್ಟು ಹೊತ್ತೂ ಮಾತು ಕೇಳುವುದಿಲ್ಲ.