‘ಸಂಸ್ಕಾರ’ ಚಿತ್ರಪಟದ ಛಾಯಾಗ್ರಹಣ

1970ರ ‘ಸಂಸ್ಕಾರ’ ಚಿತ್ರಪಟವನ್ನು ಕುರಿತು ನಡೆದ ವಾದವಿವಾದಗಳಲ್ಲಿ ಮುಕ್ಕಾಲು ಪಾಲು ಕಥೆಯನ್ನೇ ಹಿಡಿದುಕೊಂಡು ನಡೆದಿವೆ. ಶ್ರೀ ಅನಂತಮೂರ್ತಿಯವರ ಕಾದಂಬರಿಯು ಬ್ರಾಹ್ಮಣ್ಯವನ್ನು ನಿಂದಿಸುವುದೋ ಶೋಧಿಸುವುದೋ ಎಂಬ ಪ್ರಶ್ನೆ, ಸೆನ್ಸಾರಿನವರು ಮೊದಲು ಒಡ್ಡಿದ ತಡೆ, ಬಳಿಕ ಕನ್ನಡಕ್ಕೆ ಮೊದಲ ಬಾರಿಗೆ ಬಂದ ಸ್ವರ್ಣಕಮಲ, ಇವೆಲ್ಲ ಸಾಕಷ್ಟು ಚರ್ಚಿತವಾಗಿವೆ. ಆ ಕಥೆಯನ್ನು ನಮ್ಮ ಕಣ್ಣಿಗೆ ಕಾಣಿಸಿದ ಛಾಯಾಗ್ರಾಹಕ ಟಾಮ್ ಕೋವನ್ನರಿಗೆ ಮಾತ್ರ ಒಂದು ಸಾಲಿನ ಉಲ್ಲೇಖವೇ ಗತಿ. ಆಸ್ಟ್ರೇಲಿಯದವರಾದ ಇವರ ಹೆಸರು ಕನ್ನಡದಲ್ಲಿ ನಿಂತಿರುವುದು ಈ ಒಂದು ಕೃತಿಯಿಂದಲೇ. ಇದಕ್ಕಾಗಿ ರಾಜ್ಯದ ಛಾಯಾಗ್ರಹಣ ಪ್ರಶಸ್ತಿಯೂ ಅವರಿಗೆ ಸಂದಿತು. ಮುಂದೆ ಸ್ವದೇಶದಲ್ಲಿ ‘ದಿ ಆಫೀಸ್ ಪಿಕ್ನಿಕ್’ (1972), ‘ಜರ್ನಿ ಅಮಂಗ್ ವಿಮೆನ್’ (1977) ಮುಂತಾದವುಗಳನ್ನು ತಾವೇ ನಿರ್ದೇಶಿಸಿದರು.

ಬ್ಯಾಡಗಿಯ ಮೆಣಸಿನಕಾಯಿಯ ಕಣಗಳನ್ನೂ ರಾಣೇಬೆನ್ನೂರಿನ ಕೃಷ್ಣಮೃಗಗಳ ಬಯಲನ್ನೂ ಹಾವೇರಿಯ ಎರೆಹೊಲಗಳನ್ನೂ ಕಂಡು ಬೆಳೆದವರಿಗೆ ಮಲೆನಾಡೆಂದರೆ ಹಸುರೇ ಸರಿ. ಬಣ್ಣದ ಚಿತ್ರಗಳು ಆ ಹಸುರನ್ನು ಧಾರಾಳವಾಗಿ ಮಾರಿಯೂ ಇವೆ. ‘ಸಂಸ್ಕಾರ’ದ ಮಲೆನಾಡಿನಲ್ಲಿ ಹಸುರೇ ಇಲ್ಲ. ಸಣ್ಣ ಬಂಡವಾಳದ ಆ ಚಿತ್ರಪಟವು ಕಪ್ಪುಬಿಳುಪಿನದು. ಚಿತ್ರಣವು ಬಹುಮಟ್ಟಿಗೆ ಶೃಂಗೇರಿಯ ಕಡೆಯ ವೈಕುಂಠಪುರವೆಂಬ ಹಳ್ಳಿಯಲ್ಲಿ ನಡೆಯಿತು. ಅಲ್ಲಿ ಉಳಿದದ್ದು ಗೋಡೆ, ಮಾಡು, ಬರಿಮೈ, ಜನಿವಾರ. ದಾರಿದ್ರ್ಯವೇ ಇಲ್ಲಿ ಉಪಕಾರ ಮಾಡಿತೆನ್ನಬಹುದು: ಪ್ರಕೃತಿಯ ಸೊಬಗಿಗೆ ಕಣ್ಣು ಜಾರುವ ಅವಕಾಶವೇ ಪ್ರೇಕ್ಷಕನಿಗಿಲ್ಲ, ಅವನು ಮನುಷ್ಯರ ಮುಖವನ್ನೇ ನೋಡಬೇಕು.

ಆ ಮುಖಗಳಲ್ಲಿಯೇ ಕೋವನ್ನರ ಶಕ್ತಿಯಿದೆ. ನಾರಣಪ್ಪನ ಹೆಣಕ್ಕೆ ಸಂಸ್ಕಾರ ಮಾಡುವವರಾರೆಂದು ಅಗ್ರಹಾರದವರು ನೆರೆದಿರುವಾಗ ಚಂದ್ರಿಯು ತನ್ನ ಒಡವೆಗಳನ್ನು ತೆಗೆದಿಡುತ್ತಾಳೆ. ಧರ್ಮಶಾಸ್ತ್ರದ ಮಾತಿನ ಹಿಂದಿನಿಂದ ಆಸೆಯು ತಲೆಯೆತ್ತುವುದನ್ನು ಹೇಳಲು ಅಲ್ಲಿ ಸಂಭಾಷಣೆ ಬೇಕಿಲ್ಲ. ಹೊರಗಿನವನಾದುದರಿಂದಲೇ ಅವರು ಹೀಗೆ ಕಂಡರೆಂಬ ಮಾತೊಂದುಂಟು. ಇದು ಅರ್ಧ ಸತ್ಯ, ಮೇಲಾಗಿ ಅನ್ಯಾಯವೂ ಹೌದು. ನಿರ್ದೇಶಕ ಪಟ್ಟಾಭಿರಾಮ ರೆಡ್ಡಿಯವರು, ಚಿತ್ರಕಥೆ ಬರೆದು ಪ್ರಾಣೇಶಾಚಾರ್ಯರ ಪಾತ್ರವನ್ನೂ ವಹಿಸಿದ ಗಿರೀಶ ಕಾರ್ನಾಡರು, ಕಲಾನಿರ್ದೇಶಕರಾದ ಚಿತ್ರಕಾರ ಎಸ್. ಜಿ. ವಾಸುದೇವರು ಕಣ್ಣುಮುಚ್ಚಿ ಕುಳಿತವರೇನೂ ಅಲ್ಲ.

ಹೊರಗಿನ ಕಣ್ಣಿಗೆ ಎಟುಕದ ಎಡೆಯೂ ಒಂದುಂಟು. ಚಂದ್ರಿಯ ಸಂಗವಾದ ಮೇಲೆ ಆಚಾರ್ಯರು ಊರು ಬಿಟ್ಟು ಒಬ್ಬರೇ ನಡೆಯುತ್ತಾರೆ. ಕಾದಂಬರಿಯಲ್ಲಿ ಅವರ ಜಿಜ್ಞಾಸೆಯು ಸಂಸ್ಕೃತದಲ್ಲಿ ನೆನೆದ ಕನ್ನಡದೊಳಗೆ ನಡೆಯುತ್ತದೆ. ಚಿತ್ರಪಟದಲ್ಲಿ ನಡೆಯುವುದು ಅವರ ಕಾಲುಗಳು ಮಾತ್ರ. ಕ್ಯಾಮರಾ ನಿಷ್ಠೆಯಿಂದ ಬೆನ್ನುಹತ್ತುತ್ತದೆ, ಒಳಹೊಗುವುದಿಲ್ಲ. ಪುಟ್ಟನ ಜೊತೆಗೂಡಿ ಜಾತ್ರೆಯ ಗದ್ದಲಕ್ಕೆ ಬಂದ ಮೇಲೆಯೇ ಅದಕ್ಕೆ ಮತ್ತೆ ಜೀವ ಬರುವುದು. ಏಕೆಂದರೆ ಅಲ್ಲಿ ಪುನಃ ಮುಖಗಳಿವೆ.

ಅಂಗೈಯಗಲದ ತೆರೆಯಲ್ಲಿ ನೋಡಿದವರಿಗೆ ಈ ಗುಣವೂ ಈ ದೋಷವೂ ಸರಿಯಾಗಿ ಕಾಣಲಾರವು. ಜಿಲ್ಲೆಯ ಮೂರು ಊರುಗಳಲ್ಲಿ ಯಾವುದಾದರೊಂದರಲ್ಲಿ, ಕತ್ತಲೆಯ ಸಭಾಂಗಣದ ದೊಡ್ಡ ತೆರೆಯ ಮೇಲೆ ಇದರ ಪ್ರದರ್ಶನವನ್ನು ಏರ್ಪಡಿಸುವುದು ಸಂಘದವರಿಗೆ ಕಷ್ಟವಾಗಲಾರದು.