ಅಲಮೇಲಮ್ಮನ ಶಾಪ: ಕಥೆಯೂ ಮರಳೂ

ಮೈಸೂರಿನಲ್ಲಿ ಹುಟ್ಟಿ ಬೆಳೆದವರಲ್ಲಿ ಅಲಮೇಲಮ್ಮನ ಶಾಪವನ್ನು ಕೇಳದವರು ವಿರಳ. ತಲಕಾಡು ಮರಳಾಗಲೆಂದೂ ಮಾಲಂಗಿ ಮಡುವಾಗಲೆಂದೂ ಮೈಸೂರಿನ ಅರಸರಿಗೆ ಸಂತಾನವಿಲ್ಲದೆ ಹೋಗಲೆಂದೂ ಶಪಿಸಿ ಕಾವೇರಿಗೆ ಧುಮುಕಿದ ಆ ರಾಣಿಯ ಕಥೆ ನಾಲ್ಕು ಶತಮಾನಗಳಿಂದ ಬಾಯಿಂದ ಬಾಯಿಗೆ ಹರಿದು ಬಂದಿದೆ. ನವರಾತ್ರಿಯ ದಿನಗಳಲ್ಲಂತೂ ಅದು ಮನೆಮನೆಯ ಮಾತಾಗುತ್ತದೆ. ಆದರೆ ಜನಪ್ರಿಯತೆಯೊಂದೇ ಕೃತಿಯ ಗುಣಕ್ಕೆ ಪ್ರಮಾಣವಾಗಲಾರದು. ಲಿಖಿತ ಕಾವ್ಯವನ್ನು ಪರೀಕ್ಷಿಸುವಷ್ಟೇ ಶ್ರದ್ಧೆಯಿಂದ ಈ ಮೌಖಿಕ ಕೃತಿಯನ್ನೂ ಪರೀಕ್ಷಿಸಬೇಕು. ಕಥೆಯಾಗಿ ಅದರ ಸತ್ತ್ವವೆಷ್ಟು, ಚರಿತ್ರೆಯಾಗಿ ಅದರ ಪ್ರಾಮಾಣ್ಯವೆಷ್ಟು ಎಂಬ ಎರಡು ಪ್ರಶ್ನೆಗಳನ್ನು ಬೇರೆಬೇರೆಯಾಗಿ ಕೇಳಬೇಕು.

ಕಥೆಯ ವಸ್ತು ಚಿಕ್ಕದು. 1610ರಲ್ಲಿ ಶ್ರೀರಂಗಪಟ್ಟಣವು ವಿಜಯನಗರದ ಪ್ರತಿನಿಧಿಯಾದ ತಿರುಮಲರಾಯನ ಕೈಯಿಂದ ರಾಜ ಒಡೆಯರ ವಶವಾಯಿತು. ರೋಗಪೀಡಿತನಾದ ರಾಯನು ತಲಕಾಡಿನ ವೈದ್ಯೇಶ್ವರನ ಸನ್ನಿಧಿಯನ್ನು ಸೇರಿದ್ದನೆಂದೂ, ಶ್ರೀರಂಗನಾಯಕಿಗೆ ತೊಡಿಸುತ್ತಿದ್ದ ಆಭರಣಗಳು ಅವನ ಮಡದಿ ಅಲಮೇಲಮ್ಮನ ಬಳಿ ಇದ್ದುವೆಂದೂ, ಅವುಗಳಿಗಾಗಿ ಅರಸನ ಭಟರು ಬೆನ್ನಟ್ಟಿದಾಗ ಆಕೆ ಒಡವೆಗಳೊಡನೆ ಹೊಳೆಗೆ ಹಾರಿದಳೆಂದೂ ಜನ ಹೇಳುತ್ತಾರೆ. ಪಟ್ಟಣವನ್ನು ಆಕೆಯೇ ಒಡೆಯರಿಗೆ ಒಪ್ಪಿಸಿ, ಮರಣಶಯ್ಯೆಯಲ್ಲಿದ್ದ ಪತಿಯನ್ನು ನೋಡಲು ಹೊರಟಳೆಂಬ ಪಾಠಾಂತರವೂ ಉಂಟು. ಪಾಠಗಳು ಎಷ್ಟು ಕವಲೊಡೆದರೂ ಶಾಪದ ಮೂರು ಅಂಗಗಳು ಮಾತ್ರ ಕದಲಿಲ್ಲ. ನೆಲ, ನೀರು, ಕುಲ ಎಂಬ ಕ್ರಮದಲ್ಲಿ ಏರುತ್ತ ಹೋಗುವ ಆ ವಾಕ್ಯದಲ್ಲಿ ರಾಜ್ಯವೊಂದಕ್ಕೆ ಆಧಾರವಾದುದೆಲ್ಲವೂ ಅಡಗಿದೆ. ಹೆಚ್ಚಿನ ಒಂದು ಶಬ್ದವೂ ಅದರಲ್ಲಿಲ್ಲ.

ಈ ಕಥೆಯ ನೈತಿಕ ಧೈರ್ಯವು ಇನ್ನೂ ದೊಡ್ಡದು. ಗೆದ್ದ ಅರಸನ ನಾಡಿನಲ್ಲಿಯೇ ನಿಂತು, ಅವನ ಲೋಭವನ್ನು ಲೋಭವೆಂದೇ ಕರೆದು, ಸೋತವಳ ಪಕ್ಷವನ್ನು ವಹಿಸಿದ ಜನರ ತೀರ್ಪು ಇದು. ಆ ತೀರ್ಪನ್ನು ಅರಮನೆಯೂ ತಳ್ಳಿಹಾಕಲಿಲ್ಲ. ರಾಜ ಒಡೆಯರು ಅಲಮೇಲಮ್ಮನ ವಿಗ್ರಹವನ್ನು ಮಾಡಿಸಿದರೆಂದು ಪ್ರತೀತಿ. ಶಾಪಕ್ಕೆ ಗುರಿಯಾದ ವಂಶವೇ ಶಪಿಸಿದವಳನ್ನು ಪೂಜಿಸಿಕೊಂಡು ಬಂದಿದೆ. ಭಯದಿಂದ ಹುಟ್ಟಿದ ಆಚರಣೆಯೆಂದು ಇದನ್ನು ಹಗುರಾಗಿ ಎಣಿಸಲಾಗದು. ಅಧಿಕಾರವು ತಾನೆಸಗಿದ ಅನ್ಯಾಯವನ್ನು ತನ್ನ ಹಬ್ಬದ ದಿನಗಳಲ್ಲಿಯೇ ಸ್ಮರಿಸುವ ಏರ್ಪಾಡು ಲೋಕದಲ್ಲಿ ಸುಲಭವಾಗಿ ಕಾಣಸಿಗುವುದಿಲ್ಲ.

ಚರಿತ್ರೆಯ ಒರೆಗಲ್ಲಿಗೆ ಹಚ್ಚಿದರೆ ಫಲ ಬೇರೆ. ತಲಕಾಡು ಮರುಭೂಮಿಯಲ್ಲ, ಸುತ್ತಲೂ ಭತ್ತದ ಗದ್ದೆ, ಮಗ್ಗುಲಲ್ಲೇ ಕಾವೇರಿ. ಪೂರ್ವಾಭಿಮುಖವಾಗಿ ಬಂದ ಹೊಳೆ ಅಲ್ಲಿ ಈಶಾನ್ಯಕ್ಕೆ ತಿರುಗುತ್ತದೆ. ತಿರುವಿನ ಒಳದಡದಲ್ಲಿ ತಲಕಾಡು, ಎದುರಿನ ಹೊರದಡದಲ್ಲಿ ಮಾಲಂಗಿ. ಹೊಳೆ ತಿರುಗುವಲ್ಲಿ ಒಳದಡಕ್ಕೆ ಮರಳು ಬೀಳುವುದೂ ಹೊರದಡ ಕೊರೆದು ಮಡುವಾಗುವುದೂ ಸಹಜ. ಮರಳನ್ನೂ ಮಡುವನ್ನೂ ಒಂದೇ ಉಸಿರಿನಲ್ಲಿ ಹೇಳಿದ ನಾಲಗೆಗೆ ಆ ನದಿಯ ನಡೆ ಚೆನ್ನಾಗಿ ತಿಳಿದಿತ್ತೆಂಬುದರಲ್ಲಿ ನನಗೆ ಸಂದೇಹವಿಲ್ಲ. ತಲಕಾಡಿನ ಮೇಲುಭಾಗದಲ್ಲಿರುವ ಕಟ್ಟೆಯನ್ನು ವಿಜಯನಗರದ ಮಾಧವಮಂತ್ರಿಯ ಹೆಸರಿನಿಂದ ಕರೆಯುತ್ತಾರೆ; ಅವನ ಕಾಲ 14ನೆಯ ಶತಮಾನ, ಎಂದರೆ ಶಾಪಕ್ಕಿಂತ ಇನ್ನೂರು ವರ್ಷಗಳಿಗೂ ಹಿಂದಿನದು. ಕಟ್ಟೆಯಿಂದ ಹೊಳೆಯ ಹರಿವು ತಗ್ಗಿ, ಬಯಲಿಗೆ ಬಿದ್ದ ಮರಳನ್ನು ನೈಋತ್ಯದ ಗಾಳಿ ಊರಿನ ಮೇಲಕ್ಕೆ ಒಯ್ದಿತೆಂದು ವಿದ್ವಾಂಸರು ಊಹಿಸಿದ್ದಾರೆ. ಮರಳಿನ ದಿಬ್ಬಗಳು ಮುಖ್ಯವಾಗಿ ಮುಂಗಾರಿನಲ್ಲಿ ವರ್ಷಕ್ಕೆ 9–10 ಅಡಿಗಳಂತೆ ಸರಿದು ಬರುತ್ತಿದ್ದುವೆಂದೂ, ಜನ ಮನೆಗಳನ್ನು ತೊರೆದು ಹಿಂದೆ ಹಿಂದೆ ಸರಿಯಬೇಕಾಗಿತ್ತೆಂದೂ ಬಿ. ಎಲ್. ರೈಸ್ ಅವರ ಮೈಸೂರು ಗೆಜೆಟಿಯರಿನಲ್ಲಿ ದಾಖಲೆಯಿದೆ. ಗದ್ದೆಗಳಿಗೆ ನೀರುಣಿಸಿದ ಕಟ್ಟೆಯೇ ಊರನ್ನು ಹೂಳಲು ನೆರವಾಯಿತೆಂದಾದರೆ, ಅದು ಯಾವ ಶಾಪಕ್ಕಿಂತಲೂ ಗಂಭೀರವಾದ ಪಾಠ.

ಶಾಪದ ಮೂರನೆಯ ಅಂಗವೂ ಅಷ್ಟೇ ಸಡಿಲ. 1865ರಲ್ಲಿ ಚಾಮರಾಜೇಂದ್ರ ಒಡೆಯರ ದತ್ತು, 1940ರಲ್ಲಿ ನಾಲ್ವಡಿಯವರ ತರುವಾಯ ಸೋದರಪುತ್ರ ಜಯಚಾಮರಾಜರ ಪಟ್ಟ, 2015ರಲ್ಲಿ ಯದುವೀರರ ದತ್ತು, ಇವನ್ನೆಲ್ಲ ಸಾಕ್ಷಿಯಾಗಿ ಎಣಿಸುವವರು ಚಾಮರಾಜೇಂದ್ರರಿಗೂ ಜಯಚಾಮರಾಜರಿಗೂ ಗಂಡುಮಕ್ಕಳಿದ್ದುದನ್ನು ಎಣಿಸುವುದಿಲ್ಲ. ಎಣಿಸಲೇಬೇಕಾದಾಗ ತಲೆಮಾರು ಬಿಟ್ಟು ತಲೆಮಾರೆಂದು ಶಾಪವನ್ನೇ ತಿದ್ದುತ್ತಾರೆ.

ಅರೇಬಿಯದ ಉಬಾರ್ ನಗರಿಯು ದೈವಕೋಪದಿಂದ ಮರಳಿನಲ್ಲಿ ಅಡಗಿತೆಂಬ ಐತಿಹ್ಯವನ್ನು ಇಲ್ಲಿ ನೆನೆಯಬಹುದು. 1992ರ ಸುಮಾರಿಗೆ ಉಪಗ್ರಹದ ಚಿತ್ರಗಳ ನೆರವಿನಿಂದ ಒಮಾನಿನ ಶಿಸ್ರ್ ಎಂಬಲ್ಲಿ ಅಗೆದವರಿಗೆ, ಅಡಿಯ ಸುಣ್ಣಕಲ್ಲಿನ ಗವಿ ಕುಸಿದು ಬಿದ್ದುಹೋದ ಕೋಟೆಯೊಂದು ಕಂಡಿತು. ಅದೇ ಉಬಾರೆಂಬುದನ್ನು ಎಲ್ಲರೂ ಒಪ್ಪಿಲ್ಲ. ಐತಿಹ್ಯವು ಅಗೆಯಬೇಕಾದ ಸ್ಥಳವನ್ನು ತೋರಿಸಬಲ್ಲುದು. ಅಗೆದಲ್ಲಿ ಇಂಥದೇ ದೊರೆಯಬೇಕೆಂದು ವಿಧಿಸಲಾರದು.

ನನ್ನ ಮುಖ್ಯ ಆಕ್ಷೇಪವು ಕಥೆಯ ಮೇಲಲ್ಲ, ನಾವು ಅದನ್ನು ಬಳಸುವ ರೀತಿಯ ಮೇಲೆ. ತಲಕಾಡೆಂದರೆ ಶಾಪವೊಂದೇ ಎಂಬಂತೆ ಮಾತನಾಡಿ, ಅದು ಗಂಗರ ರಾಜಧಾನಿಯಾಗಿದ್ದುದನ್ನೂ, 11ನೆಯ ಶತಮಾನದ ಆದಿಯಲ್ಲಿ ಚೋಳರ ವಶವಾಗಿ ರಾಜರಾಜಪುರವೆನಿಸಿದುದನ್ನೂ, 1116ರ ಸುಮಾರಿಗೆ ಅದನ್ನು ಗೆದ್ದ ವಿಷ್ಣುವರ್ಧನನು ‘ತಲಕಾಡುಗೊಂಡ’ನೆಂಬ ಬಿರುದು ಧರಿಸಿದುದನ್ನೂ ಮರೆಯುತ್ತೇವೆ. ಆ ವಿಜಯದ ಸ್ಮಾರಕವಾಗಿ ಅವನು ನಿಲ್ಲಿಸಿದ ಕೀರ್ತಿನಾರಾಯಣನ ಗುಡಿ ಇಂದು ಹಳ್ಳದೊಳಗಿದ್ದಂತೆ ಕಾಣುತ್ತದೆ. ಮರಗಳ ನಡುವೆ ಮರಳಿನಲ್ಲಿ ಕಾಲೆಳೆಯುತ್ತ ಬಂದವರು ಮೆಟ್ಟಿಲಿಳಿದು ಅಂಗಳಕ್ಕೆ ಕಾಲಿಟ್ಟಾಗಲೇ ಹಳೆಯ ಪಟ್ಟಣದ ನೆಲ ಎಷ್ಟು ಕೆಳಗಿತ್ತೆಂಬುದು ಅರಿವಾಗುತ್ತದೆ. 1992–93ರಲ್ಲಿ ರಾಜ್ಯದ ಪ್ರಾಚ್ಯವಸ್ತು ಇಲಾಖೆ ನಡೆಸಿದ ಉತ್ಖನನದ ಫಲವಾಗಿ ಆ ಪಟ್ಟಣದ ಬಾಳುವೆಯ ಕುರುಹುಗಳು ಬೆಳಕಿಗೆ ಬಂದುವು. ಶಾಪದ ಕಥೆಯನ್ನು ಬಲ್ಲ ಸಾವಿರಾರು ಜನರಲ್ಲಿ ಅದನ್ನು ಬಲ್ಲವರು ಎಷ್ಟು ಮಂದಿ?

ಕಾವ್ಯವಾಗಿ ಅಲಮೇಲಮ್ಮನ ಶಾಪ ಉತ್ತಮಕೃತಿ. ಮರಳಿಗೆ ಕಾರಣವೆಂದು ಮುಂದಿಟ್ಟಾಗ ಅದು ದುರ್ಬಲ. ಮಕ್ಕಳನ್ನು ತಲಕಾಡಿಗೆ ಕರೆದೊಯ್ಯುವ ಮೈಸೂರಿನ ತಾಯಿತಂದೆಯರೂ ಅಧ್ಯಾಪಕರೂ ರಾಣಿಯ ಕಥೆಯನ್ನು ಅವಶ್ಯವಾಗಿ ಹೇಳಲಿ; ಅದರೊಡನೆ ಹೊಳೆಯ ತಿರುವನ್ನೂ ಮೇಲಿನ ಕಟ್ಟೆಯನ್ನೂ ತೋರಿಸಿ, ಗುಡಿಯ ಶಿಲ್ಪವನ್ನು ಸಾವಕಾಶವಾಗಿ ನೋಡಿಸಿ, ಆ ನಗರವನ್ನು ಕಟ್ಟಿದವರ ಹೆಸರುಗಳನ್ನೂ ತಪ್ಪದೆ ಹೇಳಲಿ.